ಲಂಡನ್ನಿನಲ್ಲಿ ತಾಮ್ರ ಇಳಿದರೂ ನಮ್ಮ ಅಂಗಡಿಯಲ್ಲಿ ಯಾಕೆ ಇಳಿಯುವುದಿಲ್ಲ?

ಪ್ರಶ್ನೆ: ಪೀಣ್ಯದಲ್ಲಿ ಮೋಟರ್ ರಿವೈಂಡಿಂಗ್ ಮತ್ತು ಪ್ಯಾನೆಲ್ ಬೋರ್ಡ್ ಕೆಲಸ ನಮ್ಮದು. ತಿಂಗಳಿಗೆ ಸುಮಾರು 300 ಕೆ.ಜಿ. ತಾಮ್ರ ಬೇಕಾಗುತ್ತದೆ. ಅರ್ಧ ಎನಾಮಲ್ ವೈರ್ (ಮೋಟರಿಗೆ ಸುತ್ತುವ, ನಿರೋಧಕ ಬಳಿದ ತಂತಿ), ಅರ್ಧ ಬಸ್‌ಬಾರ್ (ಪ್ಯಾನೆಲ್ಲಿನೊಳಗೆ ಕರೆಂಟ್ ಹರಿಸುವ ತಾಮ್ರದ ಪಟ್ಟಿ). 2025ರ ಜುಲೈ ಕೊನೆಯಲ್ಲಿ ‘ತಾಮ್ರ ಒಂದೇ ದಿನ ಶೇ 20 ಕುಸಿತ’ ಅಂತ ಸುದ್ದಿ ಓದಿ ಡೀಲರ್‌ಗೆ ಫೋನ್ ಮಾಡಿದರೆ ನಕ್ಕುಬಿಟ್ಟರು, ಒಂದು ರೂಪಾಯಿಯೂ ಇಳಿಸಲಿಲ್ಲ. ಏರುವಾಗ ಮಾತ್ರ ಅದೇ ದಿನ ಏರುತ್ತದೆ. ನಮ್ಮ ದರ ನಿಜಕ್ಕೂ ಎಲ್ಲಿ ಹುಟ್ಟುತ್ತದೆ? ಎರಡು ಮೂರು ತಿಂಗಳ ಆರ್ಡರ್‌ಗೆ ಕೊಟೇಶನ್ ಕೊಡುವುದು ಹೇಗೆ? ಇಳಿದಾಗ ಸ್ಟಾಕ್ ಮಾಡಬಹುದೆ? ಕಿತ್ತ ಹಳೆ ವೈಂಡಿಂಗ್‌ಗೆ ಸರಿಯಾದ ಬೆಲೆ ಯಾವುದು?

ಉತ್ತರ: ಆ ದಿನದ ಮಟ್ಟಿಗೆ ನಿಮ್ಮ ಡೀಲರ್ ನಕ್ಕದ್ದು ಸರಿಯೇ. ಬಿದ್ದದ್ದು ನ್ಯೂಯಾರ್ಕಿನ ಸರಕು ವಿನಿಮಯ ಕೇಂದ್ರ ಕಾಮೆಕ್ಸ್‌ನ ದರ, ನಿಮ್ಮ ದರವಲ್ಲ. ಜುಲೈ 8ರಂದು ಅಮೆರಿಕದ ಅಧ್ಯಕ್ಷರು ತಾಮ್ರದ ಆಮದಿಗೆ ಶೇ 50 ಸುಂಕ ಎಂದು ಘೋಷಿಸಿದ್ದರು. ಕ್ಯಾಥೋಡಿಗೂ (ಶುದ್ಧೀಕರಿಸಿದ ತಾಮ್ರದ ಹಲಗೆ, ತಂತಿ ಪಟ್ಟಿಗಳ ಕಚ್ಚಾ ಮಾಲು) ಸುಂಕ ಬೀಳುತ್ತದೆ ಎಂದುಕೊಂಡ ವ್ಯಾಪಾರಿಗಳು ಕಾಮೆಕ್ಸ್ ದರವನ್ನು ಲಂಡನ್ನಿಗಿಂತ ಬಹಳ ಮೇಲೆ ಎತ್ತಿಟ್ಟರು. ಜುಲೈ 30ರ ಆದೇಶ ಬಂದಾಗ ನೋಡಿದರೆ ಸುಂಕ ಇದ್ದದ್ದು ಪೈಪು, ತಂತಿ, ರಾಡಿನಂಥ ಅರೆಸಿದ್ಧ ಮಾಲಿಗೆ, ತಾಮ್ರ ಹೆಚ್ಚಿರುವ ಕೆಲವು ಸಾಮಾನಿಗೆ ಮಾತ್ರ, ಕ್ಯಾಥೋಡ್ ಹೊರಗುಳಿಯಿತು. ಎತ್ತಿಟ್ಟಿದ್ದ ಅಂತರ ಅಷ್ಟೂ ಒಂದೇ ದಿನದಲ್ಲಿ ಕರಗಿತು. ಲಂಡನ್ನಿನಲ್ಲಿ ಅದರ ಅಲುಗಾಟ ಅಲ್ಪ. ಭಾರತದ ದರ ಲಂಡನ್ ಲೋಹ ವಿನಿಮಯ ಕೇಂದ್ರಕ್ಕೆ, ಅಂದರೆ ಎಲ್‌ಎಂಇಗೆ, ಕಟ್ಟಿಕೊಂಡಿದೆ. ಹಾಗಾಗಿ ತಾಮ್ರದ ಸುದ್ದಿ ಓದುವಾಗ ಮೊದಲು ನೋಡಬೇಕಾದ್ದು ಯಾವ ಊರಿನ ದರ ಎಂಬುದನ್ನು. ಟನ್ನಿಗೆ ಇಷ್ಟು ಡಾಲರ್ ಎಂದಿದ್ದರೆ ಲಂಡನ್, ಪೌಂಡ್ ತೂಕಕ್ಕೆ ಇಷ್ಟು ಸೆಂಟ್ಸ್ ಅಥವಾ ಡಾಲರ್ ಎಂದಿದ್ದರೆ ನ್ಯೂಯಾರ್ಕ್.

ಆದರೆ ಲಂಡನ್ ದರವೂ ನೇರವಾಗಿ ನಿಮ್ಮ ಅಂಗಡಿಗೆ ಬರುವುದಿಲ್ಲ. ನಡುವೆ ಮೂರು ಪದರಗಳಿವೆ: ಲೋಹದ ದರ, ಅದನ್ನು ಇಲ್ಲಿಗೆ ತಂದು ಇಳಿಸುವ ಖರ್ಚು (ರೂಪಾಯಿ, ಲಂಡನ್ ದರದ ಮೇಲೆ ಮಾರುವವನು ಕೇಳುವ ಹೆಚ್ಚುವರಿ ಅಂದರೆ ಪ್ರೀಮಿಯಂ, ಸುಂಕ), ತಂತಿಯೋ ಪಟ್ಟಿಯೋ ಮಾಡುವ ಕೂಲಿ. ಈ ಮೂರನ್ನೂ ಸೇರಿಸಿ ‘ಕೆ.ಜಿ.ಗೆ ಇಷ್ಟು’ ಎಂದು ಒಂದೇ ಅಂಕಿಯಲ್ಲಿ ಕೊಳ್ಳುವುದು, ಒಂದೇ ಅಂಕಿಯಲ್ಲಿ ಕೊಟೇಶನ್ ಕೊಡುವುದು: ಸಣ್ಣ ಘಟಕಗಳು ಕೈ ಸುಟ್ಟುಕೊಳ್ಳುವುದು ಇಲ್ಲೇ.

ಎರಡನೆಯ ಪದರ ಇಷ್ಟು ದಪ್ಪವಾದದ್ದು 2018ರ ನಂತರ. ಅಲ್ಲಿಯವರೆಗೆ ಭಾರತ ಸಂಸ್ಕರಿತ ತಾಮ್ರವನ್ನು ಹೊರಗೆ ಮಾರುವ ದೇಶವಾಗಿತ್ತು. ವರ್ಷಕ್ಕೆ 4 ಲಕ್ಷ ಟನ್ ಸಾಮರ್ಥ್ಯದ ತೂತ್ತುಕುಡಿಯ ಸ್ಟರ್ಲೈಟ್ ಸ್ಮೆಲ್ಟರ್ (ಅದಿರಿನ ಪುಡಿ ಕರಗಿಸಿ ತಾಮ್ರ ತೆಗೆಯುವ ಕಾರ್ಖಾನೆ) ವಿರುದ್ಧ ಜನ ಬೀದಿಗಿಳಿದರು. 2018ರ ಮೇ 22ರ ಪೊಲೀಸ್ ಗೋಲಿಬಾರಿನಲ್ಲಿ 13 ಮಂದಿ ಸತ್ತರು. ತಿಂಗಳು ಮುಗಿಯುವುದರೊಳಗೆ ತಮಿಳುನಾಡು ಸರ್ಕಾರ ಕಾರ್ಖಾನೆಯನ್ನು ಮುಚ್ಚಿಸಿತು. ಮತ್ತೆ ತೆರೆಯಬೇಕೆಂಬ ಕಂಪನಿಯ ಅರ್ಜಿಯನ್ನು ಸುಪ್ರೀಂ ಕೋರ್ಟ್ 2024ರ ಫೆಬ್ರವರಿಯಲ್ಲಿ ತಳ್ಳಿಹಾಕಿತು. 2017–18ರಲ್ಲಿ 8 ಲಕ್ಷ ಟನ್ ದಾಟಿದ್ದ ದೇಶದ ಕ್ಯಾಥೋಡ್ ಉತ್ಪಾದನೆ ಮರುವರ್ಷವೇ ಹೆಚ್ಚುಕಡಿಮೆ ಅರ್ಧಕ್ಕೆ ಬಿತ್ತು. ಸುಮಾರು 18 ವರ್ಷಗಳ ನಂತರ ಭಾರತ ಮತ್ತೆ ನಿವ್ವಳ ಆಮದು ದೇಶವಾಯಿತು. ಜಪಾನಿನ ಕ್ಯಾಥೋಡ್ ಆ ಜಾಗ ತುಂಬಿತು.

ಕೊಳ್ಳುವವನಿಗೆ ಇದರ ಅರ್ಥ ಸರಳ. ಮಾಲು ಹೊರಗೆ ಹೋಗುವ ದೇಶದಲ್ಲಿ ಒಳಗಿನ ದರ ಲಂಡನ್ ದರದಿಂದ ಹಡಗಿನ ಬಾಡಿಗೆ ಕಳೆದದ್ದಕ್ಕೆ ಹತ್ತಿರ ಇರುತ್ತದೆ. ಮಾಲು ಒಳಗೆ ಬರುವ ದೇಶದಲ್ಲಿ ಲಂಡನ್ ದರಕ್ಕೆ ಬಾಡಿಗೆ, ಪ್ರೀಮಿಯಂ, ಸುಂಕ ಸೇರುತ್ತದೆ. ಕೊನೆಯ ಟನ್ನು ಎಲ್ಲಿಂದ ಬರುತ್ತದೋ ಅದರ ದರವೇ ಎಲ್ಲ ಟನ್ನುಗಳ ದರ. ಗುಜರಾತಿನ ದಹೇಜ್‌ನಲ್ಲಿ ಹಿಂಡಾಲ್ಕೊ ಕರಗಿಸಿದ ತಾಮ್ರಕ್ಕೂ ನೀವು ಆಮದಿನ ಲೆಕ್ಕದಲ್ಲೇ ಕೊಡುತ್ತೀರಿ.

‘2024ರ ಮಾರ್ಚಿನಲ್ಲಿ ಮುಂದ್ರಾದಲ್ಲಿ ಅದಾನಿಯವರ 5 ಲಕ್ಷ ಟನ್ ಸಾಮರ್ಥ್ಯದ ಸ್ಮೆಲ್ಟರ್ ಶುರುವಾಯಿತಲ್ಲ, ಇನ್ನು ಅಗ್ಗವಾಗುವುದಿಲ್ಲವೆ?’ ಎಂದು ಕೇಳುವವರಿದ್ದಾರೆ. ಆಮದು ತಗ್ಗಬಹುದು, ದರ ಅದಕ್ಕೆ ತಗ್ಗಬೇಕೆಂದಿಲ್ಲ. ಸ್ಮೆಲ್ಟರ್ ಎಂದರೆ ಗಿರಣಿ. ಭತ್ತ ಹೊರಗಿನಿಂದಲೇ ಬರಬೇಕು. ನಮ್ಮಲ್ಲಿ ತಾಮ್ರದ ಅದಿರು ತೆಗೆಯುವುದು ಸರ್ಕಾರಿ ಹಿಂದೂಸ್ತಾನ್ ಕಾಪರ್ ಒಂದೇ: ಮಧ್ಯಪ್ರದೇಶದ ಮಲಾಂಜ್‌ಖಂಡ್, ರಾಜಸ್ಥಾನದ ಖೇತ್ರಿ, ಜಾರ್ಖಂಡಿನ ಘಾಟ್‌ಶಿಲಾ ಸುತ್ತ. ಅದಿರಿನಲ್ಲಿ ತಾಮ್ರ ಇರುವುದು ಶೇ 1ರ ಆಸುಪಾಸು. (ನಮ್ಮ ಚಿತ್ರದುರ್ಗದ ಇಂಗಳದಾಳಿನಲ್ಲೂ ಹಟ್ಟಿ ಕಂಪನಿ ಒಂದು ಕಾಲದಲ್ಲಿ ತಾಮ್ರ ತೆಗೆಯುತ್ತಿತ್ತು, ಈಗಿಲ್ಲ.) ಹಾಗಾಗಿ ಶೇ 25–30 ತಾಮ್ರ ಇರುವ ಕಾನ್ಸಂಟ್ರೇಟ್ ಪುಡಿಯನ್ನು ಚಿಲಿ, ಪೆರು ಮೊದಲಾದ ದೇಶಗಳಿಂದ ಹಡಗಿನಲ್ಲಿ ತರಿಸಬೇಕು. ಅದಕ್ಕೀಗ ಜಗತ್ತಿನಲ್ಲೇ ಕಿತ್ತಾಟ. ಗಣಿಯವನು ಗಿರಣಿಯವನಿಗೆ ಕೊಡುವ ಕೂಲಿಗೆ ಒಂದು ವಾರ್ಷಿಕ ಮಾನದಂಡ ಇದೆ. 2024ಕ್ಕೆ ಅದು ಟನ್ ಕಾನ್ಸಂಟ್ರೇಟಿಗೆ 80 ಡಾಲರ್, 2025ಕ್ಕೆ 21.25 ಡಾಲರ್, 2026ಕ್ಕೆ ಸೊನ್ನೆ. ಕೂಲಿಯೇ ಇಲ್ಲದೆ ಬೀಸುವ ಗಿರಣಿಯವನು ಗಂಧಕಾಮ್ಲ, ಚಿನ್ನ, ಬೆಳ್ಳಿ ಮಾರಿ ಬದುಕಬೇಕು. ಅವನು ನಿಮಗೆ ಪ್ರೀಮಿಯಂನಲ್ಲಿ ರಿಯಾಯಿತಿ ಕೊಡುತ್ತಾನೆಂದು ಕಾಯಬೇಡಿ.

ಈಗ ನಿಮ್ಮ ದರವನ್ನು ಕಾಗದದ ಮೇಲೆ ಬಿಡಿಸೋಣ. ಅಂಕಿಗಳು ಲೆಕ್ಕಕ್ಕೆಂದು ತೆಗೆದುಕೊಂಡವು, ಆ ದಿನದ ದರ ನೀವೇ ತುಂಬಿಕೊಳ್ಳಿ. ಎಲ್‌ಎಂಇ ಕ್ಯಾಶ್ ದರ (ಕೂಡಲೇ ಮಾಲು ಎತ್ತುವವರ ದರ) ಟನ್ನಿಗೆ 10,000 ಡಾಲರ್, ಬಂದರಿಗೆ ಮುಟ್ಟಿಸುವ ಪ್ರೀಮಿಯಂ 100 ಡಾಲರ್, ಡಾಲರ್‌ಗೆ 88 ರೂಪಾಯಿ ಅಂದುಕೊಳ್ಳಿ. 10,100ನ್ನು 88ರಿಂದ ಗುಣಿಸಿದರೆ ಟನ್ನಿಗೆ 8,88,800 ರೂಪಾಯಿ, ಕೆ.ಜಿ.ಗೆ 888.80. ಕ್ಯಾಥೋಡಿಗೆ ಮೂಲ ಕಸ್ಟಮ್ಸ್ ಸುಂಕ ಶೇ 5, ಆ ಸುಂಕದ ಮೇಲೆ ಶೇ 10 ಸಮಾಜ ಕಲ್ಯಾಣ ಸರ್‌ಚಾರ್ಜ್. ಒಟ್ಟು ಶೇ 5.5, ಅಂದರೆ 48.88 ರೂಪಾಯಿ. ಬಂದರಿನಲ್ಲಿ ಇಳಿದ ಬೆಲೆ 937.68. ಇದರ ಮೇಲೆ ಲಾರಿ ಬಾಡಿಗೆ, ರಾಡ್ ಎಳೆಯುವ ಕೂಲಿ, ಎಲ್ಲಕ್ಕೂ ಶೇ 18 ಜಿಎಸ್‌ಟಿ.

ಜಪಾನಿನ ಜೊತೆಗಿನ 2011ರ ಒಪ್ಪಂದದಡಿ ಅಲ್ಲಿಯ ಕ್ಯಾಥೋಡಿಗೆ ಸುಂಕ ಇಲ್ಲ. ಹಾಗಾಗಿ ಮಾರುಕಟ್ಟೆ ದರ ಸುಂಕ ಕೊಟ್ಟ ಮತ್ತು ಕೊಡದ ಎರಡು ಬೆಲೆಗಳ ನಡುವೆ ಎಲ್ಲೋ ಓಲಾಡುತ್ತಿರುತ್ತದೆ. ಆ 48 ರೂಪಾಯಿಯಲ್ಲಿ ಎಷ್ಟು ಯಾರ ಜೇಬಿಗೆ ಹೋಗುತ್ತದೆ ಎಂಬುದು ಆ ತಿಂಗಳು ಮಾಲು ಎಷ್ಟು ಬಿಗಿ ಇದೆ ಎನ್ನುವುದರ ಮೇಲೆ ನಿಂತಿದೆ.

ಇದೇ ಲೆಕ್ಕದಿಂದ ಎರಡು ಅಂಕಿ ಬರೆದು ಅಂಗಡಿಯ ಗೋಡೆಗೆ ಅಂಟಿಸಿಕೊಳ್ಳಿ. ಲಂಡನ್ನಿನಲ್ಲಿ 100 ಡಾಲರ್ ಆಚೀಚೆಯಾದರೆ ಇಲ್ಲಿ ಕೆ.ಜಿ.ಗೆ 9.28 ರೂಪಾಯಿ. ಡಾಲರ್ ಒಂದು ರೂಪಾಯಿ ಆಚೀಚೆಯಾದರೆ 10.66 ರೂಪಾಯಿ. ಲಂಡನ್ನಿನಲ್ಲಿ 100 ಡಾಲರ್ ಇಳಿದ ವಾರವೇ ಡಾಲರ್ 88ರಿಂದ 89ಕ್ಕೆ ಏರಿತು ಎಂದಿಟ್ಟುಕೊಳ್ಳಿ: ಇಳಿದ ಬೆಲೆ 938.95 ಆಗುತ್ತದೆ. ಅಂದರೆ ತಾಮ್ರ ಇಳಿದಿದೆ, ನಿಮ್ಮ ದರ 1.27 ರೂಪಾಯಿ ಏರಿದೆ! ಡೀಲರ್ ಮೇಲಿನ ಅರ್ಧ ಸಿಟ್ಟು ರೂಪಾಯಿಯ ಮೇಲೆ ಹೋಗಬೇಕಾದ್ದು.

ಇನ್ನೊಂದು ಗೊಂದಲ ಕ್ಯಾಶ್ ದರ ಮತ್ತು ಮೂರು ತಿಂಗಳ ದರದ್ದು, ಅಂದರೆ ಮೂರು ತಿಂಗಳ ನಂತರ ಮಾಲು ಪಡೆಯಲು ಇಂದೇ ಕಟ್ಟುವ ದರದ್ದು. ಸುದ್ದಿಯಲ್ಲಿ ಬರುವುದು ಹೆಚ್ಚಾಗಿ ಮೂರು ತಿಂಗಳ ದರ, ಬಿಲ್ಲಿಗೆ ಬರುವುದು ಹೆಚ್ಚಾಗಿ ಕ್ಯಾಶ್ ದರ ಅಥವಾ ಅದರ ತಿಂಗಳ ಸರಾಸರಿ. ಸಾಮಾನ್ಯವಾಗಿ ಎರಡಕ್ಕೂ ಅಂಥ ಅಂತರ ಇರುವುದಿಲ್ಲ. ಗೋದಾಮು ಖಾಲಿಯಾದಾಗ ಇರುತ್ತದೆ. 2021ರ ಅಕ್ಟೋಬರಿನಲ್ಲಿ ಕ್ಯಾಶ್ ದರ ಮೂರು ತಿಂಗಳ ದರಕ್ಕಿಂತ ಟನ್ನಿಗೆ 1,000 ಡಾಲರ್‌ಗೂ ಮೇಲೆ ಹೋಗಿತ್ತು. ಆ ವಾರ ಟಿವಿ ನೋಡಿ ಚೌಕಾಸಿಗಿಳಿದವರಿಗೆ ಡೀಲರ್ ಕಳ್ಳನಂತೆಯೇ ಕಂಡಿರಬೇಕು.

ಹೋಲಿಸಿ ನೋಡಲು ಮುಂಬೈನ ಸರಕು ವಿನಿಮಯ ಕೇಂದ್ರ ಎಂಸಿಎಕ್ಸ್‌ನ ತಾಮ್ರದ ದರ ನಿಮಗೆ ಎಲ್ಲಕ್ಕಿಂತ ಅನುಕೂಲ. ಅದು ಥಾಣೆ ಜಿಲ್ಲೆಯ ಗೋದಾಮಿನ ದರ, ಕೆ.ಜಿ. ಲೆಕ್ಕ, ಕಸ್ಟಮ್ಸ್ ಸುಂಕ ಸೇರಿದೆ, ಜಿಎಸ್‌ಟಿ ಸೇರಿಲ್ಲ. ಡೀಲರ್ ಹೇಳಿದ ದರದಲ್ಲಿ ಜಿಎಸ್‌ಟಿ ಇದ್ದರೆ 1.18ರಿಂದ ಭಾಗಿಸಿ, ಅದೇ ದಿನದ ಎಂಸಿಎಕ್ಸ್ ಕಳೆಯಿರಿ. ಉಳಿದದ್ದು ಕೂಲಿ, ಸಾಗಣೆ, ಲಾಭ. ಆರು ತಿಂಗಳು ಈ ಉಳಿಕೆಯನ್ನು ಒಂದು ಪುಸ್ತಕದಲ್ಲಿ ಬರೆದಿಡಿ. 22 ಗೇಜಿನ ವೈರಿಗೆ ಅದು ಹೆಚ್ಚುಕಡಿಮೆ ಒಂದೇ ಆಗಿರಬೇಕು. ಸಣ್ಣ ಗೇಜಿಗೆ ಹೆಚ್ಚಿರುವುದು ನ್ಯಾಯವೇ: ಡೈಗಳ ಮೂಲಕ ಹೆಚ್ಚು ಬಾರಿ ಎಳೆಯಬೇಕು, ಎಳೆ ತುಂಡಾಗುವುದು ಹೆಚ್ಚು, ಕೆ.ಜಿ.ಗೆ ಬಳಿಯುವ ಎನಾಮಲ್ಲೂ ಹೆಚ್ಚು. ಲೋಹ ಏರಿದ ದಿನ ಉಳಿಕೆ ಅಷ್ಟೇ ಇದ್ದು, ಇಳಿದ ದಿನ ಮಾತ್ರ 15–20 ರೂಪಾಯಿ ಉಬ್ಬುತ್ತಿದ್ದರೆ ಆಗ ನಿಮ್ಮ ದೂರಿಗೆ ಆಧಾರ ಸಿಕ್ಕಿತು. ಅವರ ಬಳಿ ಹಳೆ ದರದ ಸ್ಟಾಕ್ ಇರುತ್ತದೆ, ಇಳಿಸಲು ಮನಸ್ಸು ಬರುವುದಿಲ್ಲ. ಏರುವಾಗ ಅದೇ ಸ್ಟಾಕ್ ನೆನಪಿಗೆ ಬರುವುದಿಲ್ಲ. ಪುಸ್ತಕ ತೋರಿಸಿ ‘ಎಂಸಿಎಕ್ಸ್ ಪ್ಲಸ್ ಇಷ್ಟು’ ಎಂದು ಕೂಲಿಯನ್ನು ಮಾತ್ರ ಮಾತಾಡಿ ಮುಗಿಸಿ. ಪಟ್ಟಿ ಬೆಲೆ, ಶೇಕಡಾ ಡಿಸ್ಕೌಂಟಿನ ಲೆಕ್ಕದಲ್ಲಿ ಕೊಂಡರೆ ಈ ಉಳಿಕೆ ಕಣ್ಣಿಗೇ ಬೀಳುವುದಿಲ್ಲ.

ಕೊಟೇಶನ್ ವಿಷಯಕ್ಕೆ ಬರುವ ಮುನ್ನ ಕಳೆದ ಕೆಲವು ವರ್ಷಗಳ ಏರಿಳಿತ ಕಣ್ಣ ಮುಂದಿರಲಿ. 2020ರ ಮಾರ್ಚ್, ಲಾಕ್‌ಡೌನ್ ಹೊತ್ತಿಗೆ ಲಂಡನ್ ದರ 4,400 ಡಾಲರ್ ಆಸುಪಾಸಿಗೆ ಬಿದ್ದಿತ್ತು. ಹದಿನಾಲ್ಕು ತಿಂಗಳಲ್ಲಿ 10,700 ಮುಟ್ಟಿತು. 2022ರ ಮಾರ್ಚಿನಲ್ಲಿ 10,800, ಅದೇ ಜುಲೈನಲ್ಲಿ 7,000. 2024ರ ಮೇ ತಿಂಗಳಲ್ಲಿ 11,100ರ ದಾಖಲೆ. 2025ರ ಸೆಪ್ಟೆಂಬರಿನಲ್ಲಿ ಇಂಡೊನೇಷ್ಯಾದ ಗ್ರಾಸ್‌ಬರ್ಗ್ ಗಣಿಯೊಳಗೆ ಕೆಸರು ನುಗ್ಗಿ ಕೆಲಸ ನಿಂತ ಮೇಲೆ ಅಕ್ಟೋಬರಿನಲ್ಲಿ ಆ ದಾಖಲೆ ಮುರಿಯಿತು, ಡಿಸೆಂಬರಿನಲ್ಲಿ 12,000 ದಾಟಿತು. ನಾಲ್ಕು ತಿಂಗಳಲ್ಲಿ ಮೂರನೇ ಒಂದು ಭಾಗ ಕರಗಬಲ್ಲ ಸರಕಿಗೆ ಮೂರು ತಿಂಗಳ ‘ಫರ್ಮ್ ರೇಟ್’ ಕೊಡುವುದು ಪ್ಯಾನೆಲ್ ವ್ಯಾಪಾರವಲ್ಲ, ಜೂಜು.

ಆದ್ದರಿಂದ ಕೊಟೇಶನ್‌ನಲ್ಲಿ ತಾಮ್ರವನ್ನು ತೂಕದಲ್ಲಿ ಬೇರೆ ಬರೆಯಿರಿ. ತೂಕ ತೆಗೆಯುವುದು ಕಷ್ಟವಲ್ಲ: ಒಂದು ಚದರ ಮಿಲಿಮೀಟರ್ ಅಡ್ಡಕೊಯ್ತದ ತಾಮ್ರ ಒಂದು ಮೀಟರಿಗೆ 8.96 ಗ್ರಾಂ. 50×10 ಮಿ.ಮೀ. ಬಸ್‌ಬಾರ್ ಮೀಟರಿಗೆ 4.48 ಕೆ.ಜಿ. 2.5 ಚದರ ಮಿ.ಮೀ. ವೈರಿನ 100 ಮೀಟರ್ ಸುರುಳಿಯಲ್ಲಿ ತಾಮ್ರ 2.24 ಕೆ.ಜಿ. ನಿಮ್ಮ ಪ್ಯಾನೆಲ್‌ಗೆ 50×10 ಪಟ್ಟಿ 18 ಮೀಟರ್ ಬೇಕೆಂದರೆ 80.6 ಕೆ.ಜಿ., ತುಂಡು ವೇಸ್ಟಿಗೆ ಶೇ 5 ಸೇರಿಸಿ 85 ಕೆ.ಜಿ. ಈಗ ಷರತ್ತು ಹೀಗಿರಲಿ: ‘ಈ ದರದಲ್ಲಿ ತಾಮ್ರ 85 ಕೆ.ಜಿ., ಮೂಲ ದರ ಇಂಥ ದಿನಾಂಕದ ಎಂಸಿಎಕ್ಸ್ ಮುಕ್ತಾಯ ದರ 940. ಖರೀದಿ ದಿನದ ದರದೊಂದಿಗೆ ವ್ಯತ್ಯಾಸ ಶೇ 2 ಮೀರಿದರೆ ಪೂರ್ತಿ ವ್ಯತ್ಯಾಸ 85ರಿಂದ ಗುಣಿಸಿ ಕೂಡಿಸಲಾಗುವುದು ಅಥವಾ ಕಳೆಯಲಾಗುವುದು, ಜಿಎಸ್‌ಟಿ ಪ್ರತ್ಯೇಕ.’ ದರ 985 ಆದರೆ 45 ಗುಣಿಸು 85, ನಿಮಗೆ 3,825 ರೂಪಾಯಿ ಬರಬೇಕು. ಇಳಿದರೆ ನೀವೂ ಕೊಡಬೇಕು. ‘ಕಳೆಯಲಾಗುವುದು’ ಎಂಬ ಪದ ಇಲ್ಲದ ಷರತ್ತಿಗೆ ಗಿರಾಕಿ ಒಪ್ಪುವುದಿಲ್ಲ, ಒಪ್ಪಲೂಬಾರದು. ದೊಡ್ಡ ಟ್ರಾನ್ಸ್‌ಫಾರ್ಮರ್, ಕೇಬಲ್ ಟೆಂಡರುಗಳಲ್ಲಿ ವಿದ್ಯುತ್ ಉಪಕರಣ ತಯಾರಕರ ಸಂಘ ಐಇಇಎಂಎಯ ದರ ವ್ಯತ್ಯಾಸ ಸೂತ್ರ ನಡೆಯುವುದೂ ಇದೇ ತತ್ವದ ಮೇಲೆ.

ಇಲ್ಲಿ ಎಡವುವುದು ದಿನಾಂಕದಲ್ಲಿ. ಆರ್ಡರ್ ಸಿಕ್ಕ ದಿನ ತಾಮ್ರ ಕೊಂಡು, ವ್ಯತ್ಯಾಸವನ್ನು ಡೆಲಿವರಿ ದಿನದ ದರಕ್ಕೆ ಹಾಕುವ ಷರತ್ತು ಬರೆದರೆ, ನಡುವೆ ದರ ಬಿದ್ದಾಗ ಕೊಂಡದ್ದು ದುಬಾರಿಗೆ, ಬಿಲ್ಲಾದದ್ದು ಅಗ್ಗಕ್ಕೆ. ನೀವು ನಿಜವಾಗಿ ದುಡ್ಡು ಕಟ್ಟುವ ದಿನವೇ ಷರತ್ತಿನ ದಿನವಾಗಿರಬೇಕು. ವ್ಯತ್ಯಾಸಕ್ಕೆ ಒಪ್ಪದ ಗಿರಾಕಿಗೆ ಏಳು ದಿನದ ಮಾನ್ಯತೆ ಕೊಡಿ. ಆರ್ಡರ್ ಮತ್ತು ಮುಂಗಡ ಬಂದ ದಿನವೇ 85 ಕೆ.ಜಿ.ಯನ್ನೂ ಡೀಲರ್ ಬಳಿ ದರ ಕಟ್ಟಿ ಬುಕ್ ಮಾಡಿ, ಬೇಕಾದಾಗ ಎತ್ತಿಕೊಳ್ಳಿ.

ಬಿಡಿ ರಿವೈಂಡಿಂಗ್ ಕೆಲಸದಲ್ಲಿ ಈ ಅಪಾಯ ಇಲ್ಲ. ಮೋಟರ್ ಬಂದು ಎರಡು ಮೂರು ದಿನದಲ್ಲಿ ಹೋಗುತ್ತದೆ. ಹೊಡೆತ ಬೀಳುವುದು ಕಾರ್ಖಾನೆಗಳ ವಾರ್ಷಿಕ ದರ ಒಪ್ಪಂದದಲ್ಲಿ. ‘5 ಎಚ್‌ಪಿಗೆ ಇಷ್ಟು, 10 ಎಚ್‌ಪಿಗೆ ಇಷ್ಟು’ ಎಂದು ಏಪ್ರಿಲ್‌ನಲ್ಲಿ ಬರೆದುಕೊಟ್ಟು ಮರು ಮಾರ್ಚಿನವರೆಗೆ ಕಟ್ಟಿಬೀಳುತ್ತೀರಿ. ಅಲ್ಲಿ ಕೂಲಿ, ವಾರ್ನಿಷ್, ಬೇರಿಂಗ್ ಒಂದು ಸಾಲು. ತಾಮ್ರ ಬೇರೆ ಸಾಲು, ತೂಕಕ್ಕೆ ತಕ್ಕಂತೆ, ತಿಂಗಳ ಸರಾಸರಿ ದರದಲ್ಲಿ. ತೂಕಕ್ಕೆ ಕಿತ್ತ ಹಳೆ ಕಾಯಿಲನ್ನು ಗಿರಾಕಿಯ ಎದುರೇ ತೂಗಿ ಬರೆದಿಡಿ.

ಸ್ಟಾಕ್ ಮಾಡುವ ಆಸೆಗೆ ಒಂದು ಲೆಕ್ಕ ಸಾಕು. ಓವರ್‌ಡ್ರಾಫ್ಟ್ ಬಡ್ಡಿ ವರ್ಷಕ್ಕೆ ಶೇ 12 ಎಂದಾದರೆ 940 ರೂಪಾಯಿಯ ತಾಮ್ರ ಕಪಾಟಿನಲ್ಲಿ ಕೂತ ಪ್ರತಿ ತಿಂಗಳಿಗೂ ಕೆ.ಜಿ.ಗೆ 9.40 ರೂಪಾಯಿ ತಿನ್ನುತ್ತದೆ. ಮೇಲಿನ ಗೋಡೆಯ ಅಂಕಿ ನೋಡಿ: ಅದು ಲಂಡನ್ನಿನ 100 ಡಾಲರ್‌ಗೆ ಸಮ. ತಿಂಗಳಿಗೆ 100 ಡಾಲರ್ ಏರಿದರೆ ನಿಮಗೆ ಲಾಭವೂ ಇಲ್ಲ ನಷ್ಟವೂ ಇಲ್ಲ, ಅಷ್ಟೆ. ಕಳ್ಳತನದ ಭಯ ಬೇರೆ. ನಿಮ್ಮ ಗಾತ್ರಕ್ಕೆ ಮೂರು ವಾರದ ಓಡಾಟದ ಮಾಲು, ಅದರ ಮೇಲೆ ಆರ್ಡರ್ ಇರುವಷ್ಟು ಬುಕಿಂಗ್. ಇದಕ್ಕಿಂತ ಹೆಚ್ಚು ಬೇಡ.

ಎಂಸಿಎಕ್ಸ್‌ನಲ್ಲೇ ಹೆಜ್ ಮಾಡಬಹುದಲ್ಲ, ಅಂದರೆ ಮುಂದಿನ ದರವನ್ನು ಈಗಲೇ ಕಟ್ಟಿಕೊಂಡು ಏರಿಳಿತದಿಂದ ತಪ್ಪಿಸಿಕೊಳ್ಳಬಹುದಲ್ಲ ಎಂದು ಯಾರಾದರೂ ಬ್ರೋಕರ್ ಹೇಳಿಯಾರು. ಅಲ್ಲಿ ಕೊಳ್ಳಬಹುದಾದ ಕನಿಷ್ಠ ಪ್ರಮಾಣ, ಒಂದು ಲಾಟ್, 2,500 ಕೆ.ಜಿ., ನಿಮ್ಮ ಎಂಟು ತಿಂಗಳ ಬಳಕೆ. ದರ ಒಂದು ರೂಪಾಯಿ ಅಲುಗಿದರೆ 2,500 ರೂಪಾಯಿ. 940ರ ಮೇಲೆ ಶೇ 4 ಎದುರಾದರೆ 94,000 ರೂಪಾಯಿ, ಅದೂ ಆ ದಿನವೇ ಕಟ್ಟಬೇಕು. ಅಲ್ಲದೆ 2019ರಿಂದ ಅಲ್ಲಿ ತಾಮ್ರಕ್ಕೆ ಡೆಲಿವರಿ ಕಡ್ಡಾಯ, ತಿಂಗಳ ಕೊನೆಯ ದಿನಗಳಿಗೆ ಮುನ್ನ ಹೊರಬರದಿದ್ದರೆ ಎರಡೂವರೆ ಟನ್ ಕ್ಯಾಥೋಡಿನ ಕಾಗದ ಕೈಗೆ ಬರುತ್ತದೆ. ತಿಂಗಳಿಗೆ ಎರಡು ಮೂರು ಟನ್ ಕೊಳ್ಳುವವರಿಗೆ ಅದು ಉಪಕರಣ. ನಿಮಗಲ್ಲ.

ದರ ಏರಿದ ಕಾಲದಲ್ಲಿ ಇನ್ನೊಂದು ರೋಗ ಹಬ್ಬುತ್ತದೆ: ಅಗ್ಗದ ವೈರ್. ಕೆ.ಜಿ.ಗೆ 40 ರೂಪಾಯಿ ಕಡಿಮೆ ಎಂದು ಬರುವ ಎನಾಮಲ್ ವೈರ್ ಎಷ್ಟೋ ಸಲ ಗುಜರಿಯನ್ನು ಸರಿಯಾಗಿ ಶುದ್ಧಮಾಡದೆ ಎಳೆದದ್ದು. ಎಸಿ, ಫ್ರಿಜ್ ಪೈಪಿನ ತಾಮ್ರದಲ್ಲಿ ಬೆಸುಗೆಗೆ ಅನುಕೂಲವಾಗಲೆಂದು ಶೇ 0.015ರಿಂದ 0.04ರಷ್ಟು ರಂಜಕ ಇರುತ್ತದೆ. ಅಷ್ಟು ಸಾಕು, ವಿದ್ಯುತ್ ವಾಹಕತೆ ಶುದ್ಧ ತಾಮ್ರದ ಶೇ 80ರ ಆಸುಪಾಸಿಗೆ ಇಳಿಯುತ್ತದೆ. ಅಂಥ ಗುಜರಿ ಬೆರೆತ ವೈರಿನಲ್ಲಿ ಸುತ್ತಿದ ಮೋಟರ್ ಅದೇ ಲೋಡಿಗೆ ಹೆಚ್ಚು ಕಾದು ಬೇಸಿಗೆಯಲ್ಲಿ ಮತ್ತೆ ನಿಮ್ಮ ಬಾಗಿಲಿಗೆ ಬರುತ್ತದೆ.

ಪತ್ತೆಹಚ್ಚುವುದು ಹೀಗೆ. 22 ಗೇಜ್ ಎಂದರೆ ಬರಿ ತಾಮ್ರದ ವ್ಯಾಸ 0.711 ಮಿ.ಮೀ. ಎನಾಮಲ್ ಕೆರೆದು ಮೈಕ್ರೋಮೀಟರ್ ಹಿಡಿಯಿರಿ. ಆಮೇಲೆ ಸರಿಯಾಗಿ 10 ಮೀಟರ್ ಅಳೆದು ಪ್ರತಿರೋಧ ನೋಡಿ: 20 ಡಿಗ್ರಿಯಲ್ಲಿ 0.434 ಓಮ್, 30 ಡಿಗ್ರಿಯಲ್ಲಿ 0.451. ಇದಕ್ಕೆ ನಾಲ್ಕು ತಂತಿಯ ಮಿಲಿಓಮ್ ಮೀಟರೇ ಬೇಕು. ಸಾಮಾನ್ಯ ಮಲ್ಟಿಮೀಟರಿನ ಪ್ರೋಬ್ ವೈರುಗಳೇ 0.2 ಓಮ್ ತಿನ್ನುತ್ತವೆ. ವ್ಯಾಸ ಕಡಿಮೆ, ಓಮ್ ಹೆಚ್ಚು ಎಂದರೆ ಸಣ್ಣ ಎಳೆಯನ್ನು ದಪ್ಪದ ಹೆಸರಲ್ಲಿ ಕೊಟ್ಟಿದ್ದಾರೆ. ವ್ಯಾಸ ಸರಿ ಇದ್ದೂ ಓಮ್ ಶೇ 5ಕ್ಕಿಂತ ಹೆಚ್ಚಿದ್ದರೆ ಲೋಹವೇ ಕೊಳಕು. ಖಾಲಿ ಸ್ಪೂಲನ್ನೂ ತೂಗಿ, ಲೇಬಲ್ಲಿನಲ್ಲಿ ಬರೆದ ಸ್ಪೂಲ್ ತೂಕಕ್ಕೆ ಹೊಂದುತ್ತದೆಯೇ ನೋಡಿ. 100 ಗ್ರಾಂ ಪ್ಲಾಸ್ಟಿಕ್ಕಿಗೆ 94 ರೂಪಾಯಿ ಕೊಡುತ್ತಿರಬಹುದು.

ಕೊನೆಗೆ ಹಳೆ ವೈಂಡಿಂಗ್. ಗುಜರಿಯನ್ನೂ ಆ ದಿನದ ಎಂಸಿಎಕ್ಸ್‌ನ ಶೇಕಡಾ ಲೆಕ್ಕದಲ್ಲೇ ಮಾತಾಡಿ, ಬೆಂಗಳೂರಿನ ಗುಜರಿ ಪೇಟೆಯಾದ ಜಾಲಿ ಮೊಹಲ್ಲಾದವರೂ ಒಳಗೊಳಗೆ ಲೆಕ್ಕ ಹಾಕುವುದು ಹಾಗೆಯೇ. ಹೊಳೆಯುವ ಬರಿ ತಂತಿ, ಪೇಟೆಯವರು ಮಿಲ್‌ಬೆರಿ ಎನ್ನುವುದು, ಎಲ್ಲಕ್ಕಿಂತ ಮೇಲು. ಸುಟ್ಟ ಎನಾಮಲ್ ವೈಂಡಿಂಗ್ ಎರಡನೇ ದರ್ಜೆ. ಶೇ 96 ತಾಮ್ರ ಎಂಬ ಅಂದಾಜಿನಲ್ಲಿ ಅದರ ದರ ಕಟ್ಟುತ್ತಾರೆ. ಬಯಲಲ್ಲಿ ಬೆಂಕಿ ಹಾಕಿದರೆ ಮೇಲ್ಪದರ ಕಪ್ಪು ಆಕ್ಸೈಡಾಗಿ ಉದುರಿಹೋಗುತ್ತದೆ, ತೂಕವೂ ಹೋಯಿತು ದರ್ಜೆಯೂ ಹೋಯಿತು. ಬಸ್‌ಬಾರ್ ತುಂಡುಗಳನ್ನು ವೈಂಡಿಂಗ್ ಜೊತೆ ಸೇರಿಸಬೇಡಿ. ಬೆರೆಸಿದ ಮೂಟೆಗೆ ಕೆಳಗಿನ ದರ್ಜೆಯ ದರವೇ ಸಿಗುವುದು. ಎನಾಮಲ್ ಬಣ್ಣ ತಾಮ್ರದಂತಿದ್ದರೂ ಕತ್ತರಿಸಿದ ತುದಿ ಬೆಳ್ಳಗಿದ್ದರೆ ಅದು ಅಲ್ಯೂಮಿನಿಯಂ, ಮೊದಲೇ ಬೇರೆ ಮಾಡಿ.

ತೆರಿಗೆಯಲ್ಲೂ ಬದಲಾವಣೆ ಇದೆ. 2024ರ ಅಕ್ಟೋಬರ್ 10ರಿಂದ ನೋಂದಣಿ ಇಲ್ಲದವರಿಂದ ನೋಂದಾಯಿತರು ಲೋಹದ ಗುಜರಿ ಕೊಂಡರೆ ಜಿಎಸ್‌ಟಿ ಕಟ್ಟಬೇಕಾದ್ದು ಕೊಂಡವರು. ಜಿಎಸ್‌ಟಿ ಇಲ್ಲದ ಗಿರಾಕಿ ಹಳೆ ತಾಮ್ರಕ್ಕೆ ಬೆಲೆ ಕಟ್ಟಿಸಿ ಹೊಸ ವೈಂಡಿಂಗ್ ಬಿಲ್ಲಿನಲ್ಲಿ ಕಳೆಯಿರಿ ಎಂದರೆ ಅದು ನಿಮ್ಮ ಖರೀದಿ. ಶೇ 18ನ್ನು ಮೊದಲು ನಗದಿನಲ್ಲಿ ಕಟ್ಟಿ ಆಮೇಲೆ ಕ್ರೆಡಿಟ್ ತೆಗೆದುಕೊಳ್ಳಬೇಕು. ನೀವು ನೋಂದಾಯಿತ ಗುಜರಿ ವ್ಯಾಪಾರಿಗೆ ಮಾರುವಾಗ ಒಪ್ಪಂದದ ಮೊತ್ತ 2.5 ಲಕ್ಷ ಮೀರಿದರೆ ಅವರು ಶೇ 2 ಟಿಡಿಎಸ್ ಹಿಡಿಯುತ್ತಾರೆ. ಅದು ನಿಮ್ಮ ಎಲೆಕ್ಟ್ರಾನಿಕ್ ಕ್ಯಾಶ್ ಲೆಡ್ಜರಿಗೆ ಬರಬೇಕಾದ ದುಡ್ಡು. ಪೋರ್ಟಲಿಗೆ ಹೋಗಿ ಒಪ್ಪಿಗೆ ಕೊಡದಿದ್ದರೆ ಬರುವುದಿಲ್ಲ.